ಮೂವತ್ತು ವರ್ಷದ ಕಾಗದ
ಅಜ್ಜನ ಕಾಲದ ಕ್ರಯಪತ್ರ; ಬರೆದುಕೊಟ್ಟವನೂ ಇಲ್ಲ, ಸಾಕ್ಷಿ ಹಾಕಿದವರೂ ಇಲ್ಲ. ಆ ರುಜು ಯಾರದೆಂದು ನ್ಯಾಯಾಲಯದಲ್ಲಿ ಸ್ಥಾಪಿಸುವವರಾರು? 1872ರ ಸಾಕ್ಷ್ಯ ಅಧಿನಿಯಮದ 90ನೆಯ ಪ್ರಕರಣವು ಇದಕ್ಕೊಂದು ದಾರಿ ತೋರಿತ್ತು. 2024ರ ಜುಲೈ 1ರಿಂದ ಜಾರಿಗೆ ಬಂದ ಭಾರತೀಯ ಸಾಕ್ಷ್ಯ ಅಧಿನಿಯಮದ 92ನೆಯ ಪ್ರಕರಣವೂ ಅದನ್ನೇ ಉಳಿಸಿಕೊಂಡಿದೆ.

ಮೂವತ್ತು ವರ್ಷ ತುಂಬಿದ ಪತ್ರವು ಇರಬೇಕಾದವರ ವಶದಿಂದಲೇ ಹೊರಬಂದಿದ್ದರೆ, ಅದರ ಕೈಬರಹ, ರುಜುಗಳು ಸಾಚಾ ಎಂದು ನ್ಯಾಯಾಧೀಶರು ಭಾವಿಸಬಹುದು. ಇದು ಅವರ ವಿವೇಚನೆಗೆ ಬಿಟ್ಟ ಮಾತು. ಒಳಗಿನ ಒಕ್ಕಣೆ ನಿಜವೆಂಬುದನ್ನು ಬೇರೆಯಾಗಿಯೇ ರುಜುವಾತುಪಡಿಸಬೇಕು. ನಕಲಿಗೂ ಉಯಿಲಿಗೂ ಈ ರಿಯಾಯಿತಿ ಸಲ್ಲದು. ಆದುದರಿಂದ ಮೂಲಪತ್ರವನ್ನು ಕಂಡವರ ಮನೆಯಲ್ಲಿಡದೆ, ಹಕ್ಕುದಾರರ ಪೆಟ್ಟಿಗೆಯಲ್ಲಿಯೇ ಜೋಪಾನವಾಗಿರಿಸುವುದು ಲೇಸು.