ಲೈಸೆನ್ಸ್ ಮುಗಿದ ಇತಿಹಾಸ

2025ರ ಜುಲೈನಲ್ಲಿ ಅಮೆರಿಕದ ಸಂಸತ್ತು ಸಾರ್ವಜನಿಕ ಟಿವಿ, ರೇಡಿಯೋಗೆ ಕೊಡಬೇಕಿದ್ದ ಸುಮಾರು 110 ಕೋಟಿ ಡಾಲರ್ ವಾಪಸ್ ಪಡೆಯಿತು. ಹೋದರೆ ಏನೀಗ ಅನ್ನೋರು ಹೆನ್ರಿ ಹ್ಯಾಂಪ್ಟನ್ ಕತೆ ತಿಳ್ಕೋಬೇಕು.

1965ರಲ್ಲಿ ಸೆಲ್ಮಾದಲ್ಲಿ ಕಪ್ಪು ಜನರ ಮತದಾನದ ಹಕ್ಕಿಗಾಗಿ ನಡೆದ ಮೆರವಣಿಗೆಯಲ್ಲಿ ಹೆನ್ರಿ ಇದ್ದರು, ಪೋಲಿಯೋದಿಂದ ಸೋತ ಕಾಲಿಟ್ಟುಕೊಂಡೇ. ಇದನ್ನು ಚಿತ್ರ ಮಾಡಬೇಕು ಅಂತ ಆಗಲೇ ಅನ್ನಿಸಿತ್ತಂತೆ. ಆ ಸರಣಿ, 'ಐಸ್ ಆನ್ ದಿ ಪ್ರೈಜ್', ಪಿಬಿಎಸ್‌ನಲ್ಲಿ ಬಂದಿದ್ದು 1987ರಲ್ಲಿ! ನಡುವಿನ ವರ್ಷಗಳಲ್ಲಿ ಒಂದು ಪ್ರಯತ್ನ ಅರ್ಧಕ್ಕೇ ನಿಂತಿತು. ಉಳಿದಿದ್ದು ದುಡ್ಡು ಹುಡುಕೋ ಅಲೆದಾಟ. ಕೊನೆಗೆ ಕೈಹಿಡಿದವರಲ್ಲಿ ಸಾರ್ವಜನಿಕ ಪ್ರಸಾರದ ಹಣವೂ ಇತ್ತು. ತೆರೆಯ ಮೇಲೆ ಕೇಳೋದು ಜೂಲಿಯನ್ ಬಾಂಡ್ ದನಿ. ಹೆನ್ರಿ ಎಲ್ಲೂ ಕಾಣಲ್ಲ.

ಅಸಲಿ ಪೆಟ್ಟು ಬಿದ್ದಿದ್ದು ಆಮೇಲೆ. ಹಳೇ ನ್ಯೂಸ್ ದೃಶ್ಯ, ಫೋಟೋ, ಹಾಡು ಎಲ್ಲಕ್ಕೂ ಮಾಲೀಕರಿದ್ದರು. ಇದ್ದ ಹಣಕ್ಕೆ ಸಿಕ್ಕಿದ್ದು ಕೆಲವೇ ವರ್ಷಗಳ ಪರವಾನಗಿ. 90ರ ದಶಕದಲ್ಲಿ ಅದು ಮುಗಿಯಿತು, ಮರುಪ್ರಸಾರ ನಿಂತಿತು. ಮಾರ್ಟಿನ್ ಲೂಥರ್ ಕಿಂಗ್‌ಗೆ ಜೊತೆಗಾರರು ಹಾಡುವ 'ಹ್ಯಾಪಿ ಬರ್ತ್‌ಡೇ'ಗೂ ಆಗ ಹಕ್ಕುದಾರರಿದ್ದರು. ಸಾಫ್ಟ್‌ವೇರ್ ಲೈಸೆನ್ಸ್ ಮುಗಿಯೋದು ನಮ್ಮಂಥ ಎಂಜಿನಿಯರುಗಳಿಗೆ ಗೊತ್ತು. ಇತಿಹಾಸದ್ದೂ ಮುಗಿಯುತ್ತೆ ಅಂತ ಯಾರು ಹೇಳಿಕೊಟ್ಟಿದ್ದರು? ಬರ್ಮಿಂಗ್‌ಹ್ಯಾಮ್‌ನಲ್ಲಿ ಪೊಲೀಸರು ನಾಯಿ ಛೂ ಬಿಟ್ಟಿದ್ದು ಜನರ ಮೇಲೆ, ಆ ದೃಶ್ಯದ ಒಡೆತನ ಮಾತ್ರ ಕ್ಯಾಮೆರಾ ಇದ್ದ ಕಂಪನಿಗಳದ್ದು. ಇದನ್ನು ಕಾನೂನು ಅನ್ನಬಹುದು, ನ್ಯಾಯ ಅನ್ನೋಕೆ ನನಗೆ ಬಾಯಿ ಬರಲ್ಲ.

2005ರಲ್ಲಿ ಕೆಲ ಕಾರ್ಯಕರ್ತರು ಇದನ್ನು ಅನುಮತಿ ಇಲ್ಲದೇ ಇಂಟರ್‌ನೆಟ್ಟಿಗೆ ಹಾಕಿ, ಊರೂರಲ್ಲಿ ತೋರಿಸೋಣ ಅಂತ ಕರೆ ಕೊಟ್ಟರು. ಫೋರ್ಡ್ ಫೌಂಡೇಶನ್ ಮತ್ತಿತರರ ಹಣದಿಂದ ಹಕ್ಕುಗಳನ್ನು ಹೊಸದಾಗಿ ಕೊಂಡು, 2006ರಲ್ಲಿ ಪಿಬಿಎಸ್ ಮೊದಲ ಆರು ಕಂತುಗಳನ್ನು ಮತ್ತೆ ಪ್ರಸಾರ ಮಾಡಿತು. ಹೆನ್ರಿ 1998ರಲ್ಲೇ ತೀರಿಕೊಂಡಿದ್ದರು.