ಕಾಫಿಯೂ ಬೇಡ, ಬರಿಹೊಟ್ಟೆಯಲ್ಲಿ ಬನ್ನಿ

ಹೊಟ್ಟೆಯ ಸ್ಕ್ಯಾನಿಂಗ್‌ಗೆ ಹೆಸರು ಬರೆಸಿ ಬಂದವರಿಗೆ ಒಂದು ಮಾತನ್ನು ತಪ್ಪದೆ ಹೇಳಿ ಕಳಿಸಿರುತ್ತಾರೆ: "ನಾಳೆ ಬೆಳಿಗ್ಗೆ ಏನೂ ತಿನ್ನದೆ ಬನ್ನಿ, ಕಾಫಿಯೂ ಬೇಡ." ತಿಂಡಿ ಬಿಡುವುದಕ್ಕೆ ನಮ್ಮವರು ಒಪ್ಪುತ್ತಾರೆ, ಕಾಫಿ ಬಿಡುವುದು ಕಷ್ಟ. ಸಕ್ಕರೆ ಹಾಕದ ಅರ್ಧ ಲೋಟ ಕುಡಿದರೆ ಏನಾದೀತು ಎಂದು ತಮಗೆ ತಾವೇ ರಿಯಾಯಿತಿ ಕೊಟ್ಟುಕೊಂಡು ಹೋಗಿ, ಸರದಿ ಬಂದಾಗ "ನಾಳೆ ಬನ್ನಿ" ಎನ್ನಿಸಿಕೊಂಡವರು ಎಲ್ಲ ಊರುಗಳಲ್ಲೂ ಇದ್ದಾರೆ. ತೊಂದರೆ ಸಕ್ಕರೆಯದಲ್ಲ, ಹಾಲಿನದು. ಆ ಅರ್ಧ ಲೋಟದಲ್ಲಿರುವ ಕೊಬ್ಬು, ವೈದ್ಯರು ನೋಡಬೇಕೆಂದಿದ್ದ ಅಂಗವನ್ನೇ ಕುಗ್ಗಿಸಿಬಿಡಬಲ್ಲದು.

ಲಿವರ್ ಎಂದು ಈಗ ಎಲ್ಲರೂ ಕರೆಯುವ ಯಕೃತ್ತು ವಯಸ್ಕರಲ್ಲಿ ಸುಮಾರು ಒಂದೂವರೆ ಕಿಲೋ ತೂಗುತ್ತದೆ. ಅದು ದಿನಕ್ಕೆ ಅರ್ಧದಿಂದ ಒಂದು ಲೀಟರಿನಷ್ಟು ಪಿತ್ತರಸವನ್ನು ತಯಾರಿಸುತ್ತದೆ. ಊಟದ ಹೊತ್ತಿಗೆ ಬೇಕಾಗುವ ಈ ರಸವನ್ನು ಅಲ್ಲಿಯವರೆಗೆ ಕೂಡಿಡಲು ಯಕೃತ್ತಿನ ಅಡಿಗೆ ಅಂಟಿಕೊಂಡಂತೆ ಒಂದು ಚೀಲವಿದೆ. ಅದೇ ಪಿತ್ತಕೋಶ. ಏಳರಿಂದ ಹತ್ತು ಸೆಂಟಿಮೀಟರ್ ಉದ್ದ. ಹಿಡಿಯುವುದು 30ರಿಂದ 50 ಮಿಲಿಲೀಟರ್ ಮಾತ್ರ. ಇಷ್ಟು ಸಣ್ಣ ಚೀಲ ಅಷ್ಟೊಂದು ರಸವನ್ನು ಹೇಗೆ ನಿಭಾಯಿಸೀತು? ರಸದಲ್ಲಿರುವ ನೀರನ್ನು ಹೀರಿಕೊಂಡು ಅದನ್ನು ಹಲವು ಪಟ್ಟು ಗಟ್ಟಿ ಮಾಡಿಡುತ್ತದೆ. ನಾವು ಕೊಬ್ಬು ತಿಂದೊಡನೆ ಸಣ್ಣಕರುಳಿನ ಮೊದಲ ಭಾಗದಿಂದ ಒಂದು ಹಾರ್ಮೋನು ಹೊರಟು ಬರುತ್ತದೆ. ಪಿತ್ತಕೋಶ ಮುಷ್ಟಿಯಂತೆ ಬಿಗಿದು ರಸವನ್ನು ಪಿತ್ತನಾಳಕ್ಕೆ ನೂಕುತ್ತದೆ. ಆದ್ದರಿಂದ ಉಪವಾಸವಿದ್ದಾಗ ಅದು ತುಂಬಿರುತ್ತದೆ, ಉಂಡ ಮೇಲೆ ಮುದುಡಿರುತ್ತದೆ.

ಈ ಸಣ್ಣ ಸಂಗತಿ ವೈದ್ಯರಿಗೆ ಉಪಯೋಗಕ್ಕೆ ಬಂದ ಕಥೆ ಸ್ವಾರಸ್ಯವಾಗಿದೆ. ರಾಂಟ್‌ಜನ್ 1895ರಲ್ಲಿ ಕ್ಷ-ಕಿರಣವನ್ನು ಕಂಡುಹಿಡಿದಾಗ ಎಲುಬುಗಳು ಕಂಡವು. ಆದರೆ ಪಿತ್ತಕೋಶದಂಥ ಮೆದು ಅಂಗಗಳು ಕಾಣಲಿಲ್ಲ. ಪಿತ್ತದ ಕಲ್ಲುಗಳೂ ಬಹುಪಾಲು ಕೊಲೆಸ್ಟರಾಲ್‌ನವು, ಸುಣ್ಣದ ಅಂಶ ಸಾಕಷ್ಟಿಲ್ಲದವು. ನೂರು ಕಲ್ಲಿನ ರೋಗಿಗಳಲ್ಲಿ ಸಾಮಾನ್ಯ ಎಕ್ಸ್‌ರೇ ಚಿತ್ರದಲ್ಲಿ ಕಲ್ಲು ಕಾಣುವುದು ಹದಿನೈದು ಮಂದಿಯಲ್ಲಿ ಇದ್ದೀತು, ಅಷ್ಟೇ. ಅಮೆರಿಕದ ಸೇಂಟ್ ಲೂಯಿಯ ವಾಷಿಂಗ್ಟನ್ ವಿಶ್ವವಿದ್ಯಾಲಯದಲ್ಲಿ ಶಸ್ತ್ರವೈದ್ಯರಾಗಿದ್ದ ಇವಾರ್ಟ್ಸ್ ಗ್ರಹಾಂ ಒಂದು ಉಪಾಯ ಯೋಚಿಸಿದರು. ಕ್ಲೋರಿನ್ ಇರುವ ಒಂದು ಬಣ್ಣದ ವಸ್ತುವನ್ನು ರಕ್ತಕ್ಕೆ ಚುಚ್ಚಿದರೆ ಯಕೃತ್ತು ಅದನ್ನು ಹೆಕ್ಕಿ ಪಿತ್ತರಸಕ್ಕೆ ಸೇರಿಸುತ್ತದೆಂದು ಮೊದಲೇ ತಿಳಿದಿತ್ತು. ಕ್ಲೋರಿನ್ನಿನ ಜಾಗದಲ್ಲಿ ಕ್ಷ-ಕಿರಣವನ್ನು ತಡೆಯುವ ಬ್ರೋಮಿನನ್ನೋ ಅಯೋಡಿನನ್ನೋ ಕೂಡಿಸಿದರೆ? ಚೀಲದ ನೆರಳು ಬೀಳಬೇಕಲ್ಲವೆ?

ಪ್ರಯೋಗದ ಹೊಣೆ ಅವರ ಕಿರಿಯ ಸಹಾಯಕ ವಾರೆನ್ ಕೋಲ್ ಅವರ ಮೇಲೆ ಬಿತ್ತು. ನಾಯಿಗಳಿಗೆ ಚುಚ್ಚುಮದ್ದು ಕೊಟ್ಟು ಚಿತ್ರ ತೆಗೆದದ್ದೇ ತೆಗೆದದ್ದು. ತಿಂಗಳುಗಟ್ಟಲೆ ಏನೂ ಕಾಣಲಿಲ್ಲ. ಕೊನೆಗೆ ಒಂದು ನಾಯಿಯ ಚಿತ್ರದಲ್ಲಿ ಪಿತ್ತಕೋಶ ಮೂಡಿತು. ಆ ಒಂದು ನಾಯಿಯಲ್ಲಿ ಏನು ವಿಶೇಷ? ಕೋಲ್ ವಿಚಾರಿಸುತ್ತ ಹೋದಾಗ ನಾಯಿಗಳನ್ನು ನೋಡಿಕೊಳ್ಳುವ ಆಳು, ಆ ದಿನ ಬೆಳಿಗ್ಗೆ ಅದಕ್ಕೆ ಊಟ ಹಾಕಿರಲಿಲ್ಲವೆಂದು ಒಪ್ಪಿಕೊಂಡನಂತೆ. ಉಳಿದ ನಾಯಿಗಳು ಹೊಟ್ಟೆತುಂಬ ತಿಂದು ಬಂದು, ಬಣ್ಣ ಸೇರಬೇಕಾದ ಚೀಲವನ್ನು ಖಾಲಿ ಮಾಡಿಕೊಂಡಿದ್ದವು! 1924ರಲ್ಲಿ ಈ ವಿಧಾನ ಪ್ರಕಟವಾಯಿತು. ಕೆಲವು ವರ್ಷಗಳಲ್ಲೇ ಇದಕ್ಕೆ ಇನ್ನೊಂದು ಹಂತವೂ ಸೇರಿತು: ಮೊದಲ ಚಿತ್ರ ತೆಗೆದ ಮೇಲೆ ರೋಗಿಗೆ ಮೊಟ್ಟೆಯ ಹಳದಿ ಮತ್ತು ಕೆನೆ ತಿನ್ನಿಸಿ, ಚೀಲ ಸರಿಯಾಗಿ ಕುಗ್ಗುತ್ತದೆಯೇ ಎಂದು ಎರಡನೆಯ ಚಿತ್ರ ತೆಗೆಯುತ್ತಿದ್ದರು. ರೋಗಿಗೆ ಕೆನೆ ತಿನ್ನಿಸುವ ಪರೀಕ್ಷೆಗಳು ಹೆಚ್ಚಿಲ್ಲ. ಮುಂದೆ ಚುಚ್ಚುಮದ್ದಿನ ಬದಲು ಹಿಂದಿನ ಸಂಜೆ ನುಂಗುವ ಮಾತ್ರೆಗಳು ಬಂದು, ಅರ್ಧ ಶತಮಾನಕ್ಕೂ ಹೆಚ್ಚು ಕಾಲ ಇದೇ ಕ್ರಮ ನಡೆಯಿತು.

ಅದನ್ನು ಮೂಲೆಗೆ ಸರಿಸಿದ್ದು ಶ್ರವಣಾತೀತ ಧ್ವನಿ, ಅಂದರೆ ಅಲ್ಟ್ರಾಸೌಂಡ್. ನಮ್ಮ ಕಿವಿ ಕೇಳುವ ಮಿತಿ ಸೆಕೆಂಡಿಗೆ 20,000 ಕಂಪನ. ಹೊಟ್ಟೆಯ ಪರೀಕ್ಷೆಗೆ ಬಳಸುವ ಧ್ವನಿ ಸುಮಾರು 20 ಲಕ್ಷದಿಂದ 50 ಲಕ್ಷ ಕಂಪನದ್ದು. ಕೈಯಲ್ಲಿ ಹಿಡಿಯುವ ಉಪಕರಣದೊಳಗಿನ ಹರಳುಗಳು ಧ್ವನಿಯನ್ನು ಕಳಿಸಿ, ಹಿಂದಿರುಗುವ ಪ್ರತಿಧ್ವನಿಗೆ ಕಾಯುತ್ತವೆ. ಮೆದು ಅಂಗಗಳಲ್ಲಿ ಧ್ವನಿಯ ವೇಗ ಸೆಕೆಂಡಿಗೆ ಸುಮಾರು 1540 ಮೀಟರ್. ಪ್ರತಿಧ್ವನಿ ಎಷ್ಟು ಹೊತ್ತಿಗೆ ಬಂತೆಂದು ಗೊತ್ತಾದರೆ ಅದು ಎಷ್ಟು ಆಳದಿಂದ ಬಂತೆಂದು ಲೆಕ್ಕ ಹಾಕಬಹುದು. ಭೌತಶಾಸ್ತ್ರದ ಪಾಠದಲ್ಲಿ ಬಾವಿಯ ಆಳ ಅಳೆಯುವ ಲೆಕ್ಕ ಮಾಡಿದ ವಿದ್ಯಾರ್ಥಿಗಳಿಗೆ ಇದು ಹೊಸದಲ್ಲ. ಹೊಟ್ಟೆಗೆ ಹಚ್ಚುವ ತಣ್ಣನೆಯ ಜೆಲ್ಲಿಯೂ ವೃಥಾ ಅಲ್ಲ: ಚರ್ಮಕ್ಕೂ ಉಪಕರಣಕ್ಕೂ ನಡುವೆ ಗಾಳಿ ಉಳಿದರೆ ಧ್ವನಿ ಒಳಗೆ ಹೋಗದೆ ಅಲ್ಲಿಂದಲೇ ಹಿಂದಿರುಗುತ್ತದೆ.

ದ್ರವದಿಂದ ಪ್ರತಿಧ್ವನಿ ಬರುವುದಿಲ್ಲವಾದ್ದರಿಂದ ತುಂಬಿದ ಪಿತ್ತಕೋಶ ಪರದೆಯ ಮೇಲೆ ಕಪ್ಪು ಕೊಳದಂತೆ ಕಾಣುತ್ತದೆ. ಅದರೊಳಗೆ ಕಲ್ಲಿದ್ದರೆ ಬಿಳಿಯ ಚುಕ್ಕೆ, ಅದರ ಹಿಂದೆ ಕಪ್ಪು ನೆರಳು. "ಎಡಕ್ಕೆ ಮಗ್ಗುಲಾಗಿ" ಎಂದಾಗ ಕಲ್ಲಾದರೆ ಸಾಮಾನ್ಯವಾಗಿ ಉರುಳುತ್ತದೆ. ಗೋಡೆಗೆ ಅಂಟಿದ ಗಂಟಾದರೆ ಅಲ್ಲೇ ಇರುತ್ತದೆ. ಹಾಲು ಕುಡಿದು ಮುದುಡಿದ ಚೀಲದಲ್ಲಿ ಈ ಕೊಳವೇ ಇರುವುದಿಲ್ಲ. ಗೋಡೆ ದಪ್ಪಗಾಗಿ ಕಂಡು ಇಲ್ಲದ ರೋಗದ ಅನುಮಾನ ಹುಟ್ಟುತ್ತದೆ, ಇರುವ ಕಲ್ಲು ಮರೆಯಾಗುತ್ತದೆ. (ಕಲ್ಲು ನೋಡಿಸಲು ಹೋದವರ ಕಣ್ಣಿಗೂ ಬೀಳುವ "ಇಲ್ಲಿ ಭ್ರೂಣಲಿಂಗ ಪತ್ತೆ ಮಾಡುವುದಿಲ್ಲ" ಎಂಬ ಫಲಕ ಇದೇ ಯಂತ್ರದ ಇನ್ನೊಂದು ಉಪಯೋಗದ ಕಥೆ. ಅದಕ್ಕಾಗಿ 1994ರಲ್ಲಿ ಕಾನೂನನ್ನೇ ತರಬೇಕಾಯಿತು.)

ಸ್ಕ್ಯಾನಿಂಗ್‌ನಲ್ಲೂ ದೊಡ್ಡದು, ಚಿಕ್ಕದು ಎಂಬ ಭಾವನೆ ನಮ್ಮಲ್ಲಿ ಬೇರೂರಿದೆ. "ದುಡ್ಡು ಹೋದರೆ ಹೋಗಲಿ, ದೊಡ್ಡ ಸ್ಕ್ಯಾನಿಂಗೇ ಬರೆದುಕೊಡಿ ಡಾಕ್ಟ್ರೇ" ಎನ್ನುವ ತಂದೆಯಂದಿರಿದ್ದಾರೆ. ಆದರೆ ದುಬಾರಿಯಾದ ಸಿ.ಟಿ. ಸ್ಕ್ಯಾನ್ ಕೊಲೆಸ್ಟರಾಲ್ ಕಲ್ಲುಗಳನ್ನು ತಪ್ಪಿಸಿಬಿಡುವುದುಂಟು. ಅಗ್ಗದ ಅಲ್ಟ್ರಾಸೌಂಡ್ ಪಿತ್ತಕೋಶದ ಕಲ್ಲನ್ನು ಬಿಡುವುದು ಅಪರೂಪ. ಪಿತ್ತನಾಳದ ಕೆಳತುದಿ ಮಾತ್ರ ಕರುಳಿನ ಗಾಳಿಯ ಮರೆಗೆ ಬರುತ್ತದೆ. ಅಲ್ಲಿ ಕಲ್ಲು ಸಿಕ್ಕಿದೆಯೆಂಬ ಅನುಮಾನವಿದ್ದರೆ ಎಂ.ಆರ್.ಐ. ನೆರವಿಗೆ ಬರುತ್ತದೆ. 1990ರ ದಶಕದಲ್ಲಿ ರೂಢಿಗೆ ಬಂದ ಈ ವಿಧಾನದಲ್ಲಿ ನಿಂತ ದ್ರವ ಬೆಳ್ಳಗೆ ಹೊಳೆಯುತ್ತದೆ, ನಾಳಗಳು ಎಲೆ ಉದುರಿದ ಮರದಂತೆ ಎದ್ದು ಕಾಣುತ್ತವೆ.

ಇನ್ನೊಂದು ಗೊಂದಲ ಕಲ್ಲಿನದು. ಮೂತ್ರಕೋಶದ ಕಲ್ಲೆಂದರೆ ಬಾಳೆದಿಂಡಿನ ರಸ, ಧಾರಾಳವಾಗಿ ನೀರು ಎನ್ನುತ್ತಾರೆ. ಅದನ್ನೇ ಪಿತ್ತದ ಕಲ್ಲಿಗೂ ಕುಡಿಸುವವರಿದ್ದಾರೆ. ಇವೆರಡರ ದಾರಿ ಬೇರೆ ಬೇರೆ. ಎಷ್ಟು ನೀರು ಕುಡಿದರೂ ಪಿತ್ತಕೋಶದ ಕಲ್ಲು ಮೂತ್ರದಲ್ಲಿ ಹೋಗಲಾರದು. ಹಾಗೆಂದು ಬೇರೆ ಯಾವುದಕ್ಕೋ ಸ್ಕ್ಯಾನ್ ಮಾಡಿಸಿದಾಗ ಕಂಡ, ಯಾವ ನೋವನ್ನೂ ಕೊಡದ ಕಲ್ಲಿಗೆಲ್ಲ ಆಪರೇಷನ್ ಆಗಬೇಕೆಂದೂ ಇಲ್ಲ. ಅಂಥವರಲ್ಲಿ ಹೆಚ್ಚಿನವರು ಕಲ್ಲಿನೊಂದಿಗೇ ಸುಖವಾಗಿ ಬಾಳುತ್ತಾರೆ.

ಕಾಯುವಂತಿಲ್ಲದ ರೋಗವೊಂದಿದೆ, ಅದೂ ಹಸುಗೂಸುಗಳಲ್ಲಿ. ಹುಟ್ಟಿದ ಮಗುವಿಗೆ ಮೈ ಹಳದಿಯಾಗುವುದು ಸಾಮಾನ್ಯ. ಹೆಚ್ಚಿನವರಲ್ಲಿ ಎರಡು ವಾರದೊಳಗೆ ಹೋಗುತ್ತದೆ. ಹೋಗದೆ ಉಳಿದು, ಮಲ ಸುಣ್ಣದ ಮುದ್ದೆಯಂತೆ ಬಿಳಿಚಿಕೊಂಡು, ಮೂತ್ರ ಗಾಢ ಹಳದಿಯಾದರೆ ಪಿತ್ತರಸ ಕರುಳಿಗೆ ಇಳಿಯುತ್ತಿಲ್ಲವೆಂದು ಅರ್ಥ. ಪಿತ್ತನಾಳವೇ ಮುಚ್ಚಿಹೋಗಿರಬಹುದು. ಇದನ್ನು ಪರೀಕ್ಷಿಸಲು ಟೆಕ್ನೀಷಿಯಂ ಎಂಬ ವಿಕಿರಣಶೀಲ ಧಾತುವನ್ನು ಕೂಡಿಸಿದ ಔಷಧವನ್ನು ಅತ್ಯಲ್ಪ ಪ್ರಮಾಣದಲ್ಲಿ ಚುಚ್ಚಿ, ಅದು ಹೋಗುವ ದಾರಿಯನ್ನು ಕ್ಯಾಮರಾದಿಂದ ಹಿಂಬಾಲಿಸುತ್ತಾರೆ. ಅದರ ಅರ್ಧಾಯು ಆರು ಗಂಟೆ. ಹಿಡಾ ಎಂಬ ಈ ಔಷಧವನ್ನು 1970ರ ದಶಕದಲ್ಲಿ ಸಿದ್ಧಪಡಿಸಿದ್ದು ಹೃದಯದ ಚಿತ್ರಕ್ಕೆಂದು. ಅದು ಹೃದಯವನ್ನು ಬಿಟ್ಟು ಯಕೃತ್ತಿನ ಹಾದಿ ಹಿಡಿಯಿತು! 24 ಗಂಟೆಗಳೊಳಗೆ ಅದು ಕರುಳಿನಲ್ಲಿ ಕಂಡರೆ ದಾರಿ ತೆರೆದಿದೆ. ಕಾಣದಿದ್ದರೆ ಮುಂದಿನ ಪರೀಕ್ಷೆಗಳು, ನಾಳ ಮುಚ್ಚಿರುವುದು ಖಚಿತವಾದರೆ ಶಸ್ತ್ರಚಿಕಿತ್ಸೆ. ಜಪಾನಿನ ಮೊರಿಯೋ ಕಸಾಯ್ 1950ರ ದಶಕದಲ್ಲಿ ರೂಪಿಸಿದ ಈ ಶಸ್ತ್ರಚಿಕಿತ್ಸೆಯಲ್ಲಿ ಕರುಳನ್ನೇ ಮೇಲೆಳೆದು ಯಕೃತ್ತಿಗೆ ಹೊಲಿಯುತ್ತಾರೆ. ಮಗುವಿಗೆ ಅರವತ್ತು ದಿನ ತುಂಬುವ ಮೊದಲೇ ಆದರೆ ಫಲ ಹೆಚ್ಚು. ದಿನ ಕಳೆದಂತೆ ಯಕೃತ್ತು ಗಡುಸಾಗುತ್ತ ಹೋಗುತ್ತದೆ. ಎಳೆಬಿಸಿಲಿಗೆ ಹಿಡಿದು, ನಾಟಿ ಔಷಧ ಹಾಕಿ, ಬರೆ ಎಳೆಸಿ ಕಡೆಗೆ ಆಸ್ಪತ್ರೆಗೆ ಬರುವಷ್ಟರಲ್ಲಿ ಆ ಅರವತ್ತು ದಿನ ಮುಗಿದಿರುತ್ತದೆ.

ತೈವಾನಿನವರು 2004ರಿಂದ ಇಡೀ ದೇಶದಲ್ಲಿ ತಾಯಂದಿರಿಗೆ ಒಂದು ಬಣ್ಣದ ಕಾರ್ಡು ಕೊಡುತ್ತಿದ್ದಾರೆ. 2012ರಲ್ಲಿ ಜಪಾನಿನ ತಾಯಿ-ಮಗುವಿನ ಕೈಪಿಡಿಯಲ್ಲೂ ಅದು ಸೇರಿತು. ಬಿಳಿಯಿಂದ ಹಳದಿ, ಹಸಿರಿನವರೆಗೆ ಮಲದ ಬಣ್ಣಗಳನ್ನು ಅದರಲ್ಲಿ ಅಚ್ಚು ಮಾಡಿರುತ್ತಾರೆ. ಮಗುವಿನ ಬಟ್ಟೆಯ ಪಕ್ಕದಲ್ಲಿ ಕಾರ್ಡನ್ನು ಹಿಡಿದು ನೋಡಿ, ಬಣ್ಣ ಬಿಳಿಚಿನ ಸಾಲಿಗೆ ಸೇರಿದರೆ ಅಂದೇ ವೈದ್ಯರ ಬಳಿಗೆ ಕರೆದೊಯ್ಯಬೇಕು.