ಯುದ್ಧದ ನಾಟಕ ಮತ್ತು ಪಶ್ಚಾತ್ತಾಪದ ಪ್ರಶ್ನೆ

ಯುದ್ಧವನ್ನು ವಸ್ತುವಾಗಿ ಉಳ್ಳ ನಾಟಕಗಳಲ್ಲಿ ಯಾವುದು ಆಡಲು ಯೋಗ್ಯ ಎಂಬುದನ್ನು ರಣರಂಗದ ಅಬ್ಬರದಿಂದ ಅಳೆಯಲಾಗದು. ಪಾಪಪ್ರಜ್ಞೆಯನ್ನು, ಅಂದರೆ ನಡೆದ ತಪ್ಪು ತನ್ನದೇ ಎಂಬ ಒಳಗಿನ ಅರಿವನ್ನು, ಯುದ್ಧವು ತೊಳೆಯುತ್ತದೆಯೋ ಕೇವಲ ಮುಚ್ಚುತ್ತದೆಯೋ ಎಂದು ನಾಟಕ ಎಷ್ಟು ನಿಷ್ಠುರವಾಗಿ ವಿಚಾರಿಸುತ್ತದೆ ಎಂಬುದೇ ಅದರ ಅಳತೆ.

ಕೊಳ್ಳೇಗಾಲ, ಹನೂರು, ಯಳಂದೂರು ಸೀಮೆಯ ಕೇಳುಗರಿಗೆ ಈ ವಿಚಾರಣೆ ಹೊಸದಲ್ಲ. ಕಂಸಾಳೆ ಕಲಾವಿದರು ಹಾಡುವ ಮಲೆ ಮಹದೇಶ್ವರನ, ಅಂದರೆ ಮಾದಪ್ಪನ, ಕಥನದಲ್ಲಿ ಸಂಕಮ್ಮನ ಗಂಡ ಕಾಡಿಗೆ ಹೊರಡುವ ಮುನ್ನ ಅವಳ ಶೀಲಕ್ಕೆ ಬಲಗೈ ಭಾಷೆ, ಅಂದರೆ ಬಲಗೈ ಮುಟ್ಟಿ ಕೊಡುವ ಮಾತನ್ನು, ಕೇಳುತ್ತಾನೆ, ಅವಳು ಒಪ್ಪದಿದ್ದಾಗ ಹಿಂಸಿಸುತ್ತಾನೆ. ಅಲ್ಲಿ ವಿಚಾರಣೆಗೆ ಒಳಗಾಗುವುದು ಅವಳ ನಡತೆಗಿಂತ ಅವನ ಸಂಶಯವೇ.

ಇಂಥ ಕೇಳುಗರಿಗೆ ಮೊದಲು ಸೂಚಿಸಬೇಕಾದ ವಸ್ತು ಕುಮಾರರಾಮನ ಕಥೆ. ನಂಜುಂಡ ಕವಿಯ ಕಾವ್ಯದಲ್ಲಿಯೂ ಜನಪದರ ಹಾಡುಗಳಲ್ಲಿಯೂ ಉಳಿದುಬಂದಿರುವ ಈ ಕಥೆಯಲ್ಲಿ, ಚೆಂಡನ್ನು ತರಲು ಅರಮನೆಗೆ ಬಂದ ರಾಮನನ್ನು ಮಲತಾಯಿ ರತ್ನಾಜಿ ಮೋಹಿಸುತ್ತಾಳೆ, ಅವನು ನಿರಾಕರಿಸಿದಾಗ ಅವನ ಮೇಲೆಯೇ ಆರೋಪ ಹೊರಿಸುತ್ತಾಳೆ, ತಂದೆ ಕಂಪಿಲರಾಯ ವಿಚಾರಿಸದೆ ಮಗನ ತಲೆ ತರಲು ಆಜ್ಞಾಪಿಸುತ್ತಾನೆ. ಮಂತ್ರಿ ಬೈಚಪ್ಪ ಬೇರೊಂದು ತಲೆಯನ್ನು ತೋರಿಸಿ ರಾಮನನ್ನು ಬಚ್ಚಿಡುತ್ತಾನೆ. ದೆಹಲಿಯ ದಂಡು ಮುತ್ತಿದಾಗಲೇ ರಾಜ ಮಗನಿಗಾಗಿ ಹಲುಬುವುದು. ಇದು ಪಶ್ಚಾತ್ತಾಪವೋ, ಕೋಟೆ ಕಾಯುವವನಿಲ್ಲವೆಂಬ ಭಯವೋ? ಶತ್ರು ಬಾರದೆ ಇದ್ದಿದ್ದರೆ ಆ ಕಣ್ಣೀರು ಬರುತ್ತಿತ್ತೇ? ಇತಿಹಾಸ ಈ ಪ್ರಶ್ನೆಯನ್ನು ಇನ್ನಷ್ಟು ಹರಿತಗೊಳಿಸುತ್ತದೆ: ದೆಹಲಿಯ ಸುಲ್ತಾನ ಮಹಮ್ಮದ್ ಬಿನ್ ತುಘಲಕನ ವಿರುದ್ಧ ಬಂಡೆದ್ದ ಬಹಾವುದ್ದೀನ್ ಗುರ್ಷಾಸ್ಪನಿಗೆ ಆಶ್ರಯ ಕೊಟ್ಟು, 1327ರಲ್ಲಿ ರಾಜ್ಯವನ್ನೂ ಪ್ರಾಣವನ್ನೂ ಕಳೆದುಕೊಂಡ ಅರಸನೂ ಇದೇ ಕಂಪಿಲ. ಮರೆಹೊಕ್ಕ ಪರಕೀಯನಿಗಾಗಿ ರಾಜ್ಯವನ್ನೇ ಒಡ್ಡಿದವನು ಹೆತ್ತ ಮಗನ ಮಾತನ್ನು ಕೇಳಲಿಲ್ಲವೆಂದು ಇತಿಹಾಸವನ್ನೂ ಕಥೆಯನ್ನೂ ಜೊತೆಗಿಟ್ಟು ಓದಿದಾಗ, ಅವನನ್ನು ಸಜ್ಜನನೆಂದೂ ದುರುಳನೆಂದೂ ಕರೆಯಲಾಗದ ಸ್ಥಿತಿ ಉಂಟಾಗುತ್ತದೆ. ನೈತಿಕ ಸಂದಿಗ್ಧತೆ ಎನ್ನುವುದು ಇದನ್ನೇ.

ನಾಗಚಂದ್ರನ ರಾಮಚಂದ್ರಚರಿತಪುರಾಣದ ರಾವಣ ಮತ್ತೊಂದು ಬಗೆಯವನು. ಒಲ್ಲದ ಪರಸ್ತ್ರೀಯನ್ನು ಮುಟ್ಟೆನೆಂಬ ವ್ರತ ತೊಟ್ಟ ಈ ಜೈನ ರಾವಣ ಸೀತೆಯ ದುಃಖವನ್ನು ಕಂಡು ನಿಜವಾಗಿಯೇ ಮನಸ್ಸು ಬದಲಿಸುತ್ತಾನೆ, ಆದರೆ ಈಗ ಒಪ್ಪಿಸಿದರೆ ಹೇಡಿ ಎನ್ನಿಸಿಕೊಳ್ಳುವೆನೆಂದು ಗೆದ್ದ ಮೇಲೆ ಒಪ್ಪಿಸಲು ನಿಶ್ಚಯಿಸಿ ಸಾಯುತ್ತಾನೆ. ಕಂಪಿಲನ ಪಶ್ಚಾತ್ತಾಪಕ್ಕೆ ಯುದ್ಧ ಕಾರಣವಾದರೆ, ರಾವಣನ ಪಶ್ಚಾತ್ತಾಪಕ್ಕೆ ಯುದ್ಧವೇ ಅಡ್ಡಿ. ಹಳೇ ಮೈಸೂರಿನ ಹಳ್ಳಿಗಳಲ್ಲಿ ಹಾರ್ಮೋನಿಯಂ ಮೇಷ್ಟ್ರು ಕಲಿಸುವ ಕುರುಕ್ಷೇತ್ರ ನಾಟಕದಷ್ಟೇ ಗಟ್ಟಿಯಾದ ವಸ್ತು ಇದು.

ಯಳಂದೂರು ತಾಲ್ಲೂಕಿನ ಅಗರದಲ್ಲಿ 1898ರಲ್ಲಿ ಹುಟ್ಟಿದ ನಾಟಕಕಾರ ಸಂಸರ ವಿಗಡ ವಿಕ್ರಮರಾಯ ನಾಟಕದಲ್ಲಿ ಪ್ರೇಮದ ಸ್ಥಾನವನ್ನು ಅಧಿಕಾರದಾಸೆ ಹಿಡಿದಿದೆ. ಮೈಸೂರಿನ ಅರಸ ಇಮ್ಮಡಿ ರಾಜ ಒಡೆಯರಿಗೆ ವಿಷವಿಕ್ಕಿಸಿದನೆಂದು ಹೇಳಲಾಗುವ ದಳವಾಯಿಯನ್ನೇ ಶೀರ್ಷಿಕೆಯಲ್ಲಿ ನಿಲ್ಲಿಸುವ ಧೈರ್ಯ ಸಂಸರದು. ಅವರ ಹಳಗನ್ನಡದ ಛಾಯೆಯ ಭಾಷೆ ನಟರಿಗೆ ಕಠಿಣವಾದರೂ ಅವರ ಹುಟ್ಟೂರಿನ ಸೀಮೆಯಲ್ಲಿ ಈ ನಾಟಕ ಮತ್ತೆ ಮತ್ತೆ ರಂಗಕ್ಕೆ ಬರಬೇಕು.

ಕುಮಾರರಾಮನ ಕಥೆಯನ್ನು ರಂಗಕ್ಕೆ ತರುವವರ ಮೇಲೆ ಇನ್ನೊಂದು ಹೊಣೆ ಇದೆ. ಪರನಾರೀ ಸೋದರನೆಂಬ ರಾಮನ ಕೀರ್ತಿಗಾಗಿ ಕಟ್ಟಿದ ಕಥನದಲ್ಲಿ ರತ್ನಾಜಿಗೆ ಮೋಹ ಮತ್ತು ಸುಳ್ಳುಗಳಷ್ಟೇ ದಕ್ಕಿವೆ. ಅವಳ ಸುಳ್ಳನ್ನು ಮನ್ನಿಸಬೇಕಾಗಿಲ್ಲ. ಆದರೆ ಕೋಟೆಗೆ ಮುತ್ತಿಗೆ ಬಿದ್ದ ದಿನ, ತಾನು ಕೊಲ್ಲಿಸಿದೆನೆಂದುಕೊಂಡವನ ಹೆಸರನ್ನು ಊರೆಲ್ಲ ಕೂಗುತ್ತಿರುವಾಗ, ಅವಳು ಏನು ಯೋಚಿಸಿದಳು ಎಂಬ ದೃಶ್ಯವೊಂದನ್ನಾದರೂ ನಾಟಕಕಾರರು ಬರೆಯಬೇಕು.